ಹಳಿಯ ಮೇಲೊಂದು ಕ್ರೀಡಾಕೂಟ

ನಾನು 1993ರಿಂದ 2004ರವರೆಗೆ ಮುಖ್ಯೋಪಾಧ್ಯಾಯನಾಗಿದ್ದ ಪ್ರೌಢಶಾಲೆಯ ಹಿಂಬದಿಯ ಕಾಂಪೌಂಡ್ ಗೋಡೆಯಲ್ಲಿ ಒಂದು ಕಿಂಡಿಯಿತ್ತು. ಗೋಡೆಯ ಆಚೆಗೆ ಜೋಡಿ ಹಳಿ, ಹಳಿಯ ಆಚೆಗೆ ನಮ್ಮ ಅರ್ಧದಷ್ಟು ಮಕ್ಕಳು ವಾಸವಾಗಿದ್ದ ಬಡಾವಣೆ. ಲೆವೆಲ್ ಕ್ರಾಸಿಂಗ್ ಗೇಟನ್ನು ಬಳಸಿಕೊಂಡು ರಸ್ತೆಯಲ್ಲಿ ಬಂದರೆ ಒಂದೂವರೆ ಕಿಲೋಮೀಟರ್. ಕಿಂಡಿಯಲ್ಲಿ ನುಸುಳಿದರೆ ನಾಲ್ಕು ನಿಮಿಷ. ಪ್ರತಿ ಜೂನ್ ತಿಂಗಳಲ್ಲಿ ನಾವು ಇಟ್ಟಿಗೆ, ಸಿಮೆಂಟು ತರಿಸಿ ಅದನ್ನು ಮುಚ್ಚಿಸುತ್ತಿದ್ದೆವು. ದಸರಾ ರಜೆ ಮುಗಿಸಿ ಬರುವಷ್ಟರಲ್ಲಿ ಅದು ಮತ್ತೆ ತೆರೆದುಕೊಂಡಿರುತ್ತಿತ್ತು.

1998ರ ಆಗಸ್ಟ್ ತಿಂಗಳ ಒಂದು ಸಂಜೆ ಹತ್ತನೆಯ ತರಗತಿಯ ಹುಡುಗನೊಬ್ಬ ಆ ದಾರಿಯಲ್ಲಿ ಮನೆಗೆ ಹೋಗುತ್ತಿದ್ದಾಗ ರೈಲಿಗೆ ಸಿಕ್ಕಿ ತೀರಿಕೊಂಡ. ಮರುದಿನ ಪ್ರಾರ್ಥನೆಯ ಹೊತ್ತಿಗೆ ನಾನು ಮಾತನಾಡಿದೆ. ಜೀವದ ಬೆಲೆ, ತಂದೆತಾಯಿಯ ಸಂಕಟ, ಕಾನೂನು ಎಲ್ಲವನ್ನೂ ಹೇಳಿದೆ. ರೈಲ್ವೆ ಆವರಣದಲ್ಲಿ ಅತಿಕ್ರಮ ಪ್ರವೇಶ ಮಾಡಿದವರಿಗೆ 1989ರ ರೈಲ್ವೆ ಕಾಯ್ದೆಯ 147ನೇ ಕಲಮಿನ ಪ್ರಕಾರ ಆರು ತಿಂಗಳವರೆಗೆ ಸಜೆ ಅಥವಾ ಸಾವಿರ ರೂಪಾಯಿಯವರೆಗೆ ದಂಡ ವಿಧಿಸಬಹುದು ಎಂಬುದನ್ನೂ ಓದಿ ಹೇಳಿದೆ. ಮಕ್ಕಳು ಅತ್ತರು. ಗೋಡೆ ಮುಚ್ಚಿಸಿದೆವು. ಹದಿನೈದನೆಯ ದಿನ ಕಿಂಡಿ ಮತ್ತೆ ತೆರೆದಿತ್ತು. ಅದರೊಳಗಿಂದ ಮೊದಲು ಬಗ್ಗಿ ಬಂದವರಲ್ಲಿ ಸತ್ತ ಹುಡುಗನ ತಮ್ಮನೂ ಇದ್ದ. ಅವನು ಆಗ ಎಂಟನೆಯ ತರಗತಿ.

ಮೂವತ್ತು ವರ್ಷ ಪಾಠ ಹೇಳಿದವನಿಗೆ ತನ್ನ ಮಾತಿನ ಬಗ್ಗೆ ಇರುವ ಅಭಿಮಾನ ಆ ದಿನ ಮುರಿದುಬಿತ್ತು. ಜಾನ್ ಕ್ರಿಶ್ ಎಂಬ ಬ್ರಿಟಿಷ್ ಚಿತ್ರ ನಿರ್ದೇಶಕನ ಹೆಸರನ್ನು ನಾನು ಕೇಳಿದ್ದು ಇದಾದ ಎಷ್ಟೋ ವರ್ಷಗಳ ಮೇಲೆ, ನಿವೃತ್ತನಾಗಿ ಮಗಳ ಮನೆಯಲ್ಲಿದ್ದಾಗ. ಸಾಕ್ಷ್ಯಚಿತ್ರಗಳ ಹುಚ್ಚಿರುವ ಅಳಿಯ ಒಂದು ರಾತ್ರಿ ಕಂಪ್ಯೂಟರಿನಲ್ಲಿ 1977ರ ಚಿತ್ರವೊಂದನ್ನು ಹಾಕಿ, ‘ಮಾವಾ, ನಿಮ್ಮ ಗೋಡೆಯ ಕಥೆ ಇಲ್ಲಿದೆ ನೋಡಿ’ ಎಂದ. ‘ದಿ ಫಿನಿಶಿಂಗ್ ಲೈನ್’ ಎಂಬ ಸುಮಾರು ಇಪ್ಪತ್ತು ನಿಮಿಷಗಳ ಚಿತ್ರ ಅದು. ಬ್ರಿಟನ್ನಿನ ರೈಲ್ವೆಗಾಗಿ ‘ಬ್ರಿಟಿಷ್ ಟ್ರಾನ್ಸ್‌ಪೋರ್ಟ್ ಫಿಲ್ಮ್ಸ್’ ತಯಾರಿಸಿದ್ದು. ಶಾಲೆಗಳಿಗೆ ಹೋಗಿ ಮಕ್ಕಳಿಗೆ ತೋರಿಸಬೇಕೆಂಬುದೇ ಅದರ ಉದ್ದೇಶ.

ರೈಲ್ವೆ ಸೇತುವೆಯ ಕಟ್ಟೆಯ ಮೇಲೆ ಒಬ್ಬ ಹುಡುಗ ಕುಳಿತಿದ್ದಾನೆ. ಹಳಿಗಳು ಆಟವಾಡುವ ಜಾಗವಲ್ಲ ಎಂಬ ದೊಡ್ಡವರ ಎಚ್ಚರಿಕೆ ಅವನ ತಲೆಯಲ್ಲಿದೆ. ಹಾಗಾದರೆ ಶಾಲೆಯ ವಾರ್ಷಿಕ ಕ್ರೀಡಾಕೂಟವನ್ನೇ ಅಲ್ಲಿ ನಡೆಸಿದರೆ ಹೇಗಿರುತ್ತದೆ ಎಂದು ಅವನು ಕಲ್ಪಿಸಿಕೊಳ್ಳುತ್ತಾನೆ. ಮುಂದಿನದೆಲ್ಲ ಆ ಕಲ್ಪನೆ. ಬ್ಯಾಂಡು ಬಾರಿಸುತ್ತದೆ. ಪೋಷಕರು ಬಂದು ಕುಳಿತಿದ್ದಾರೆ. ಮಕ್ಕಳನ್ನು ಬಣ್ಣಬಣ್ಣದ ತಂಡಗಳಾಗಿ ವಿಂಗಡಿಸಲಾಗಿದೆ. ಧ್ವನಿವರ್ಧಕದಲ್ಲಿ ಒಬ್ಬ ಹಿರಿಯರು, ನಾವೆಲ್ಲ ಕ್ರೀಡಾಕೂಟಗಳಲ್ಲಿ ಮಾತನಾಡುವ ಅದೇ ಗಂಭೀರ ಉತ್ಸಾಹದಿಂದ, ಸ್ಪರ್ಧೆಗಳನ್ನು ಪ್ರಕಟಿಸುತ್ತಾರೆ. ಮೊದಲನೆಯದು ಚಿಕ್ಕ ಮಕ್ಕಳಿಗೆ: ರೈಲ್ವೆ ಬೇಲಿಯನ್ನು ಮುರಿಯುವುದು. ಎರಡನೆಯದು ಓಡುವ ರೈಲಿಗೆ ಕಲ್ಲೆಸೆಯುವುದು. ಒಳಗೆ ಕುಳಿತ ಪ್ರಯಾಣಿಕರ ಮುಖದಲ್ಲಿ ರಕ್ತ. ಮೂರನೆಯದು ಬರುತ್ತಿರುವ ರೈಲಿನ ಮುಂದೆ ಹಳಿ ದಾಟುವುದು. ಕೊನೆಯವನಾಗಿ ದಾಟಿದವನಿಗೆ ಗೆಲುವು. ನಾಲ್ಕನೆಯದು ಸುರಂಗದ ನಡಿಗೆ. ಉಳಿದ ಮಕ್ಕಳೆಲ್ಲ ಸುರಂಗದೊಳಗೆ ಹೋಗುತ್ತಾರೆ, ಅವರ ಹಿಂದೆ ರೈಲೂ ಹೋಗುತ್ತದೆ. ಆಚೆ ತುದಿಯಲ್ಲಿ ಬೆರಳೆಣಿಕೆಯ ಮಕ್ಕಳು ತೂರಾಡುತ್ತ ಹೊರಬರುತ್ತಾರೆ. ಆಮೇಲೆ ದೊಡ್ಡವರು ಸಾಲಾಗಿ ಒಳಗೆ ಹೋಗಿ ಒಂದೊಂದು ಮಗುವನ್ನೇ ಎತ್ತಿಕೊಂಡು ಬಂದು ಹಳಿಗಳ ಮೇಲೆ ಉದ್ದಕ್ಕೂ ಮಲಗಿಸುತ್ತಾರೆ. ಕೂಗಾಟವಿಲ್ಲ, ಅಳುವಿಲ್ಲ. ಕೊನೆಗೆ ಮತ್ತೆ ಸೇತುವೆಯ ಮೇಲೆ ಕುಳಿತ ಹುಡುಗ.

ನಾನು ಆ ರಾತ್ರಿ ನಿದ್ದೆ ಮಾಡಲಿಲ್ಲ. ಮಕ್ಕಳ ಶವಗಳಿಗಿಂತ ಹೆಚ್ಚಾಗಿ ನನ್ನನ್ನು ಕಾಡಿದ್ದು ಆ ಧ್ವನಿವರ್ಧಕದ ಮನುಷ್ಯ. ಅವನು ಒಮ್ಮೆಯೂ ದನಿ ಏರಿಸುವುದಿಲ್ಲ.

ಇಂಥ ಚಿತ್ರವನ್ನು ಮಾಡಿದವನು ಎಂಥವನು ಎಂಬ ಕುತೂಹಲದಿಂದ ನಾನು ಕ್ರಿಶ್ ಅವರ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದಿದೆ, ನೋಡಲು ಸಿಕ್ಕ ಚಿತ್ರಗಳನ್ನೆಲ್ಲ ನೋಡಿದೆ. 1923ರಲ್ಲಿ ಲಂಡನ್ನಿನಲ್ಲಿ ಹುಟ್ಟಿದವರು. ಎರಡನೇ ಮಹಾಯುದ್ಧದ ಕಾಲದಲ್ಲಿ, ಇನ್ನೂ ಹದಿಹರೆಯದಲ್ಲಿರುವಾಗಲೇ, ಸರ್ಕಾರದ ‘ಕ್ರೌನ್ ಫಿಲ್ಮ್ ಯೂನಿಟ್’ನ ಸಂಕಲನ ಕೊಠಡಿಯಲ್ಲಿ ಸಹಾಯಕರಾಗಿ ಸೇರಿದರು. ಹ್ಯಾರಿ ವಾಟ್, ಹಂಫ್ರಿ ಜೆನ್ನಿಂಗ್ಸ್ ಅವರಂಥ ಸಾಕ್ಷ್ಯಚಿತ್ರಕಾರರು ಕೆಲಸ ಮಾಡುತ್ತಿದ್ದ ಜಾಗ ಅದು. ಹಾಗಾಗಿ ಸರ್ಕಾರಿ ಹಣದಲ್ಲಿ, ಸರ್ಕಾರ ಹೇಳಿದ ವಿಷಯದ ಮೇಲೆ ಚಿತ್ರ ಮಾಡುವುದು ಕೀಳು ಕೆಲಸವೆಂಬ ಭಾವನೆ ಅವರಿಗೆ ಬರಲೇ ಇಲ್ಲ. ನಮ್ಮಲ್ಲಿ ಅಂಥ ಚಿತ್ರಗಳಿಗೆ ಬೇರೆಯೇ ಗತಿ. 1948ರಲ್ಲಿ ಹುಟ್ಟಿದ ಫಿಲ್ಮ್ಸ್ ಡಿವಿಷನ್‌ನ ಚಿತ್ರಗಳನ್ನು ಪ್ರತಿ ಟಾಕೀಸಿನಲ್ಲೂ ಮುಖ್ಯ ಚಿತ್ರಕ್ಕೆ ಮುಂಚೆ ಕಡ್ಡಾಯವಾಗಿ ತೋರಿಸುತ್ತಿದ್ದರು. ನಮ್ಮೂರಿನ ಗಂಡಸರು ಅದು ಮುಗಿಯುವವರೆಗೆ ಹೊರಗೆ ನಿಂತು ಬೀಡಿ ಸೇದುತ್ತಿದ್ದರು.

ಕ್ರಿಶ್ ಅವರ ವೃತ್ತಿಜೀವನದ ಆರಂಭದಲ್ಲೇ ಒಂದು ಸ್ವಾರಸ್ಯದ ಘಟನೆಯಿದೆ. 1952ರ ಜುಲೈನಲ್ಲಿ ಲಂಡನ್ನಿನ ಕಟ್ಟಕಡೆಯ ಟ್ರಾಂ ಓಡಿತು. ಆಗ ಅವರು ಬ್ರಿಟಿಷ್ ಟ್ರಾನ್ಸ್‌ಪೋರ್ಟ್ ಫಿಲ್ಮ್ಸ್‌ನಲ್ಲಿದ್ದರು. ಅದರ ಮುಖ್ಯಸ್ಥ ಎಡ್ಗರ್ ಆನ್‌ಸ್ಟಿ, ಸಾರಿಗೆಯ ಭವಿಷ್ಯವನ್ನು ತೋರಿಸಬೇಕಾದ ಸಂಸ್ಥೆ ಹಳೆಯದಕ್ಕಾಗಿ ಕಣ್ಣೀರು ಹಾಕಬಾರದು ಎಂಬ ನಿಲುವಿನವರು. ಕ್ರಿಶ್ ಮಾತು ಕೇಳಲಿಲ್ಲ. ಉಳಿದ ಪಳಿದ ಫಿಲ್ಮ್ ತುಂಡುಗಳಲ್ಲಿ ಕೊನೆಯ ಟ್ರಾಂಗಳನ್ನು, ಅವುಗಳಲ್ಲಿ ಕುಳಿತ ವೃದ್ಧ ದಂಪತಿಯನ್ನು, ವಿದಾಯಕ್ಕೆ ನೆರೆದ ಜನರನ್ನು ಚಿತ್ರಿಸಿದರು. ‘ದಿ ಎಲಿಫೆಂಟ್ ವಿಲ್ ನೆವರ್ ಫರ್ಗೆಟ್’ ಎಂಬ ಆ ಪುಟ್ಟ ಚಿತ್ರ 1953ರಲ್ಲಿ ಹೊರಬಂದು ಸಂಸ್ಥೆಯ ಅತ್ಯಂತ ಜನಪ್ರಿಯ ಚಿತ್ರಗಳಲ್ಲೊಂದಾಯಿತು. ಅದನ್ನು ಮಾಡಿದವರು ಮಾತ್ರ ಕೆಲಸ ಕಳೆದುಕೊಂಡರು. ಸರ್ಕಾರಿ ನೌಕರಿಯಲ್ಲಿ ಕೂದಲು ಹಣ್ಣಾದ ನನಗೆ ಇದು ಆಶ್ಚರ್ಯವೆನಿಸಲಿಲ್ಲ. ಇಪ್ಪತ್ತನಾಲ್ಕು ವರ್ಷಗಳ ಬಳಿಕ, ಆನ್‌ಸ್ಟಿ ನಿವೃತ್ತರಾದ ಮೇಲೆ, ಕ್ರಿಶ್ ಅದೇ ಸಂಸ್ಥೆಗೆ ‘ದಿ ಫಿನಿಶಿಂಗ್ ಲೈನ್’ ಮಾಡಿಕೊಟ್ಟರು.

ನಡುವಿನ ವರ್ಷಗಳಲ್ಲಿ ಅವರು ಕರೆದವರಿಗೆಲ್ಲ ಕೆಲಸ ಮಾಡಿದರು. 1959ರಲ್ಲಿ ಸೈನ್ಯಕ್ಕಾಗಿ ‘ಕ್ಯಾಪ್ಚರ್ಡ್’ ಎಂಬ ತರಬೇತಿ ಚಿತ್ರ. ಕೊರಿಯಾ ಯುದ್ಧದಲ್ಲಿ ಸೆರೆಸಿಕ್ಕ ಸೈನಿಕರ ಮನಸ್ಸನ್ನು ಹೇಗೆ ಮುರಿಯಲಾಗುತ್ತಿತ್ತು ಎಂಬುದನ್ನು ತೋರಿಸಿ, ಮುಂದೆ ಸೆರೆಸಿಗಬಹುದಾದವರನ್ನು ಸಿದ್ಧಗೊಳಿಸುವುದು ಅದರ ಗುರಿ. ಸೈನಿಕನಿಗೆ ಅದೂ ಒಂದು ಬಗೆಯ ಕೆಲಸದ ಸ್ಥಳದ ಸುರಕ್ಷತೆಯೇ ಅಲ್ಲವೇ? ಆ ಚಿತ್ರವನ್ನು ಸಾರ್ವಜನಿಕರು ನೋಡಲು 2004ರವರೆಗೆ ಕಾಯಬೇಕಾಯಿತು. ಮಕ್ಕಳ ರಕ್ಷಣೆಯ ಸಂಸ್ಥೆಗಾಗಿ 1961ರಲ್ಲಿ ‘ದೇ ಟುಕ್ ಅಸ್ ಟು ದಿ ಸೀ’, ಶಿಕ್ಷಕರ ಸಂಘಕ್ಕಾಗಿ 1962ರಲ್ಲಿ ‘ಅವರ್ ಸ್ಕೂಲ್’, 1964ರಲ್ಲಿ ‘ಐ ಥಿಂಕ್ ದೇ ಕಾಲ್ ಹಿಮ್ ಜಾನ್’. ಈ ಕೊನೆಯದನ್ನು ನನ್ನ ವಯಸ್ಸಿನವರು ಒಬ್ಬರೇ ಕುಳಿತು ನೋಡಬಾರದು. ಹೆಂಡತಿಯನ್ನು ಕಳೆದುಕೊಂಡ ಮುದುಕನೊಬ್ಬ ಎತ್ತರದ ಕಟ್ಟಡದ ಪುಟ್ಟ ಮನೆಯಲ್ಲಿ ಕಳೆಯುವ ಒಂದು ಭಾನುವಾರ, ಅಷ್ಟೆ. ಏನೂ ಆಗುವುದಿಲ್ಲ, ಆಗದಿರುವುದೇ ಅದರ ಭಯ.

ಇನ್ನೊಂದು ಮಾತನ್ನು ಇಲ್ಲೇ ಹೇಳಿಬಿಡುತ್ತೇನೆ. ಕ್ರಿಶ್ ಅವರ ಕೆಲಸವನ್ನು ನಾವು ಕನ್ನಡಿಗರು ನೋಡಿಯೇ ಇಲ್ಲ ಎನ್ನಲಾಗದು. 1979ರ ‘ಜೀಸಸ್’ ಚಿತ್ರದ ಇಬ್ಬರು ನಿರ್ದೇಶಕರಲ್ಲಿ ಅವರೂ ಒಬ್ಬರು. ಜಗತ್ತಿನಲ್ಲಿ ಅತಿ ಹೆಚ್ಚು ಭಾಷೆಗಳಿಗೆ ಡಬ್ ಆದ ಚಿತ್ರವೆಂದು ಹೆಸರಾದ ಅದು ಕನ್ನಡದಲ್ಲೂ ಇದೆ.

ಸುರಕ್ಷತೆಯ ಚಿತ್ರಗಳಿಗೆ ಬ್ರಿಟನ್ನಿನಲ್ಲಿ ಒಂದು ವ್ಯವಸ್ಥೆಯಿತ್ತು. 1946ರಲ್ಲಿ ಆರಂಭವಾದ ‘ಸೆಂಟ್ರಲ್ ಆಫೀಸ್ ಆಫ್ ಇನ್‌ಫರ್ಮೇಷನ್’ ಎಂಬ ಸರ್ಕಾರಿ ಕಚೇರಿ ರಸ್ತೆ, ಬೆಂಕಿ, ನೀರು, ವಿದ್ಯುತ್ತು ಮುಂತಾದ ಅಪಾಯಗಳ ಬಗ್ಗೆ ಚಿಕ್ಕಚಿಕ್ಕ ಚಿತ್ರಗಳನ್ನು ಮಾಡಿಸಿ ಟಿ.ವಿ. ಸಂಸ್ಥೆಗಳಿಗೆ ಕೊಡುತ್ತಿತ್ತು. ಕಾರ್ಯಕ್ರಮಗಳ ನಡುವೆ ಸಮಯ ಖಾಲಿ ಬಿದ್ದಾಗ ಅವರು ಹಣ ಪಡೆಯದೆ ಅವುಗಳನ್ನು ಹಾಕುತ್ತಿದ್ದರು. ಕ್ರಿಶ್ ಅಲ್ಲಿಗೆ ಮಾಡಿಕೊಟ್ಟ ‘ಸರ್ಚಿಂಗ್’ 1974ರದು, ಒಂದು ನಿಮಿಷದ ಚಿತ್ರ. ಸುಟ್ಟು ಕರಕಲಾದ ಮನೆಯೊಂದರಲ್ಲಿ ಕ್ಯಾಮೆರಾ ಕೋಣೆಯಿಂದ ಕೋಣೆಗೆ ಅಲೆಯುತ್ತದೆ. ಬೆಂಕಿ ಕಾಣುವುದಿಲ್ಲ, ಮನುಷ್ಯರು ಕಾಣುವುದಿಲ್ಲ. ದನಿಗಳು ಮಾತ್ರ ಕೇಳಿಸುತ್ತವೆ. ಮರುವರ್ಷದ ‘ಡ್ರೈವ್ ಕೇರ್‌ಫುಲಿ, ಡಾರ್ಲಿಂಗ್’ ಸ್ವಲ್ಪ ದೊಡ್ಡದು. ಬೆಳಿಗ್ಗೆ ಕಾರು ಹತ್ತಿ ಕೆಲಸಕ್ಕೆ ಹೊರಟವನ ತಲೆಯೊಳಗೇ ಒಂದು ನಿಯಂತ್ರಣ ಕೊಠಡಿ. ಅಲ್ಲಿ ಬುದ್ಧಿ, ನೆನಪು, ಅಹಂಕಾರ ಮೂವರು ಕುಳಿತು ಕಾರು ಓಡಿಸುತ್ತಿದ್ದಾರೆ. ಅಹಂಕಾರದ ಮಾತು ಗೆಲ್ಲುತ್ತದೆ, ಮನುಷ್ಯ ಸಾಯುತ್ತಾನೆ. ಅಹಂಕಾರದ ಪಾತ್ರ ಮಾಡಿದ ಕಾಲಿನ್ ಬೇಕರ್ ಮುಂದೆ ‘ಡಾಕ್ಟರ್ ಹೂ’ ಧಾರಾವಾಹಿಯ ನಾಯಕನಾದರು.

ಆ ದಶಕದಲ್ಲಿ ಇಂಥ ಕೆಲಸ ಮಾಡಿದವರು ಕ್ರಿಶ್ ಒಬ್ಬರೇ ಅಲ್ಲ. ಜೆಫ್ ಗ್ರಾಂಟ್ 1973ರಲ್ಲಿ ಕೆರೆಕೊಳಗಳ ಬಳಿ ಆಡುವ ಮಕ್ಕಳಿಗಾಗಿ ‘ಲೋನ್ಲಿ ವಾಟರ್’ ಮಾಡಿದರು. ಅದರಲ್ಲಿ ಕಪ್ಪು ನಿಲುವಂಗಿಯ ಸಾವೇ ನೀರಿನ ಬಳಿ ನಿಂತು ಮಾತನಾಡುತ್ತದೆ. ಜಾನ್ ಮೆಕೆಂಜಿ 1977ರಲ್ಲಿ ‘ಅಪಾಚೀಸ್’ ಮಾಡಿದರು. ಹೊಲದಲ್ಲಿ ಕೆಂಪು ಇಂಡಿಯನ್ನರ ಆಟವಾಡುವ ಮಕ್ಕಳು ಟ್ರ್ಯಾಕ್ಟರಿಗೆ, ಸಗಣಿಯ ಗುಂಡಿಗೆ, ಕಳೆನಾಶಕಕ್ಕೆ ಒಬ್ಬೊಬ್ಬರಾಗಿ ಬಲಿಯಾಗುತ್ತಾರೆ. ದೊಡ್ಡವರ ದುಡಿಮೆಯ ಜಾಗವೇ ಮಕ್ಕಳ ಆಟದ ಜಾಗವೂ ಆಗಿರುವ ಅಪಾಯ ನಮ್ಮ ಹಳ್ಳಿಗಳಿಗೆ ಹೊಸದಲ್ಲ. ನಮ್ಮ ಶಾಲೆಗಳಲ್ಲಿ ತೋರಿಸಬಹುದಾದ ಅಂಥ ಒಂದು ಚಿತ್ರ ನನ್ನ ಸೇವಾವಧಿಯಲ್ಲಿ ಒಮ್ಮೆಯೂ ನನ್ನ ಕೈಗೆ ಬರಲಿಲ್ಲ.

‘ದಿ ಫಿನಿಶಿಂಗ್ ಲೈನ್’ಗೆ ಆದದ್ದೇನು? ಶಾಲೆಗಳಲ್ಲಿ ತೋರಿಸಲಾರಂಭಿಸಿದ ಕೂಡಲೇ ಗದ್ದಲವೆದ್ದಿತು. ಪತ್ರಿಕೆಗಳು ಬರೆದವು, ಟಿ.ವಿ.ಯಲ್ಲಿ ಚರ್ಚೆಯಾಯಿತು. ಮಕ್ಕಳು ಹೆದರಿದ್ದಾರೆ ಎಂದರು ಕೆಲವರು. ಅದಕ್ಕಿಂತ ಗಂಭೀರವಾದ ಆಕ್ಷೇಪವೆಂದರೆ, ಇಷ್ಟು ಆಕರ್ಷಕವಾಗಿ ತೋರಿಸಿದ ಆಟವನ್ನು ಮಕ್ಕಳು ಆಡಿಯೇ ನೋಡಿಯಾರು ಎಂಬುದು. 1979ರಲ್ಲಿ ಚಿತ್ರವನ್ನು ಹಿಂದಕ್ಕೆ ಪಡೆದರು. ಅದರ ಜಾಗಕ್ಕೆ ‘ರಾಬಿ’ ಎಂಬ ಮೆದುವಾದ ಚಿತ್ರ ಬಂತು. ಮಕ್ಕಳ ಟಿ.ವಿ. ಕಾರ್ಯಕ್ರಮದ ಪರಿಚಿತ ಮುಖವೊಂದು ಅದನ್ನು ಪರಿಚಯಿಸುತ್ತದೆ. ಆದರೂ ಅದರ ಹುಡುಗ ಪಾದಗಳನ್ನು ಕಳೆದುಕೊಳ್ಳುತ್ತಾನೆ. ಮೆದು ಎಂದರೆ ಅಷ್ಟೇ ಮೆದು. ಕ್ರಿಶ್ ಅವರಿಗೆ ಮನ್ನಣೆ ಬಂದದ್ದು ಮುಪ್ಪಿನಲ್ಲಿ. 2010ರಲ್ಲಿ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಅವರ ನಾಲ್ಕು ಹಳೆಯ ಚಿತ್ರಗಳನ್ನು ಒಟ್ಟಾಗಿ ಚಿತ್ರಮಂದಿರಗಳಿಗೆ ತಂದಿತು. ಟ್ರಾಂ ಚಿತ್ರವೂ ಅವುಗಳಲ್ಲೊಂದು. ಆಗ ಅವರಿಗೆ ಎಂಬತ್ತೇಳರ ಸನಿಹ. 2016ರ ಮೇ ತಿಂಗಳಲ್ಲಿ ತೀರಿಕೊಂಡರು.

ಈಗ ನನ್ನ ಪ್ರಶ್ನೆಗೆ ಬರುತ್ತೇನೆ. ಅನಿಲ್ ಕಾಕೋಡ್ಕರ್ ನೇತೃತ್ವದ ರೈಲ್ವೆ ಸುರಕ್ಷತಾ ಪರಿಶೀಲನಾ ಸಮಿತಿ 2012ರಲ್ಲಿ ವರದಿ ಕೊಟ್ಟಿತು. ಹಳಿಗಳನ್ನು ಅಕ್ರಮವಾಗಿ ದಾಟುವಾಗ ದೇಶದಲ್ಲಿ ವರ್ಷಕ್ಕೆ ಸುಮಾರು 15,000 ಜನ ಸಾಯುತ್ತಾರೆ, ಅವರಲ್ಲಿ 6,000 ಮಂದಿ ಮುಂಬೈ ಉಪನಗರ ರೈಲುಗಳಿಗೆ ಸಿಕ್ಕಿದವರು ಎಂದು ಅದು ಹೇಳಿತು. ವರದಿ ಇದನ್ನು ನರಮೇಧವೆಂದೇ ಕರೆಯಿತು. ಕಾವಲಿಲ್ಲದ ಲೆವೆಲ್ ಕ್ರಾಸಿಂಗುಗಳನ್ನು ಬ್ರಾಡ್‌ಗೇಜ್ ಮಾರ್ಗಗಳಲ್ಲಿ 2019ರ ಜನವರಿ ಹೊತ್ತಿಗೆ ತೆಗೆದುಹಾಕಲಾಯಿತು, ನಿಜ. ಆದರೆ ಗೋಡೆಯ ಕಿಂಡಿ ಯಾವ ಇಲಾಖೆಯ ಪಟ್ಟಿಯಲ್ಲೂ ಲೆವೆಲ್ ಕ್ರಾಸಿಂಗ್ ಅಲ್ಲ. ಇಂಥ ದೇಶದಲ್ಲಿ ನಮ್ಮ ಮಕ್ಕಳಿಗೆ ಆ ಚಿತ್ರವನ್ನು ತೋರಿಸಬೇಕೇ, ಬೇಡವೇ?

ತೋರಿಸಬೇಕು ಎಂದೇ ನಾನು ಬಹಳ ಕಾಲ ನಂಬಿದ್ದೆ. 1998ರಲ್ಲಿ ಅದು ನನ್ನ ಕೈಗೆ ಸಿಕ್ಕಿದ್ದರೆ ಭಾಷಣದ ಬದಲು ಅದನ್ನೇ ತೋರಿಸುತ್ತಿದ್ದೆ. 2023ರಲ್ಲಿ ಅದೇ ಶಾಲೆಯ ಈಗಿನ ಮುಖ್ಯೋಪಾಧ್ಯಾಯಿನಿ ಕರೆದಾಗ ಪೆನ್‌ಡ್ರೈವಿನಲ್ಲಿ ಅದನ್ನು ತುಂಬಿಕೊಂಡು ಹೋದೆ. ಮಕ್ಕಳಿಗೆ ತೋರಿಸುವ ಮೊದಲು ಶಿಕ್ಷಕರೂ ಕೆಲವು ಪೋಷಕರೂ ನೋಡಲಿ ಎಂದು ಅವರು ಹೇಳಿದ್ದು ಸರಿಯಾಗಿಯೇ ಇತ್ತು. ಸುರಂಗದ ಭಾಗ ಬರುವ ಮುಂಚೆಯೇ ಇಬ್ಬರು ಶಿಕ್ಷಕಿಯರು ಎದ್ದು ಹೋದರು. ‘ಸಾರ್, ಇದನ್ನ ತೋರಿಸಿದ್ರೆ ಊರಿನವರು ನಮ್ಮನ್ನ ಬಿಡ್ತಾರಾ?’ ಎಂದರು ಪಿ.ಟಿ. ಮೇಷ್ಟ್ರು.

ಪೋಷಕರ ಸಾಲಿನಲ್ಲಿ ಆ ತಮ್ಮ ಇದ್ದ. ಅವನ ಮಗಳು ಈಗ ಅಲ್ಲೇ ಎಂಟನೆಯ ತರಗತಿ. ಅವನು ಎದ್ದು ಹೋಗಲಿಲ್ಲ, ಕಡೆಯವರೆಗೂ ಕುಳಿತು ನೋಡಿದ. ಎಲ್ಲರೂ ಮಾತಾಡಿ ಮುಗಿದ ಮೇಲೆ ನನ್ನ ಬಳಿ ಬಂದು ಹೇಳಿದ: ‘ನಮ್ಮಣ್ಣ ಓಡ್ಲಿಲ್ಲ ಸಾರ್. ಕಾಯ್ತಾ ನಿಂತಿದ್ದ. ಗೂಡ್ಸ್ ಹೋಗ್ಲಿ ಅಂತ ಕಾಯ್ತಿದ್ದ. ಅದು ಹೋದ ಮೇಲೆ ದಾಟಿದ. ಆ ಕಡೆ ಲೈನಲ್ಲಿ ಇನ್ನೊಂದು ಬರ್ತಿತ್ತು. ನಾನು ಹಿಂದೆ ಇದ್ದೆ ಸಾರ್.’

ಇಪ್ಪತ್ತೈದು ವರ್ಷ ಆ ಹುಡುಗನ ಸಾವನ್ನು ಅಜಾಗರೂಕತೆಗೆ ಉದಾಹರಣೆಯಾಗಿ ಹೇಳುತ್ತ ಬಂದವನು ನಾನು. ಆ ತಮ್ಮ ಹಿಂದೆಯೇ ಇದ್ದ ಎಂಬುದು ನನಗೆ ಗೊತ್ತಿರಲಿಲ್ಲ. ನಾನು ಕೇಳಿರಲೂ ಇಲ್ಲ.

ಕ್ರಿಶ್ ಅವರ ಚಿತ್ರ ಬೇಲಿ ಮುರಿಯುವ, ಕಲ್ಲೆಸೆಯುವ, ಪಣ ಕಟ್ಟಿ ಓಡುವ ಮಕ್ಕಳಿಗಾಗಿ ಮಾಡಿದ್ದು. ಅಲ್ಲಿನ ರೈಲ್ವೆಯ ಅಂದಿನ ತಲೆನೋವು ಅದೇ ಆಗಿತ್ತು, ಆ ಮಟ್ಟಿಗೆ ಅದರಷ್ಟು ನೇರವಾದ ಚಿತ್ರ ಇನ್ನೊಂದಿಲ್ಲ. ನಮ್ಮ ಮಕ್ಕಳಲ್ಲಿ ಬಹುಪಾಲು ಜನ ಹಳಿಯ ಮೇಲೆ ಆಡುವವರಲ್ಲ. ಚೀಲ ಹೊತ್ತು ಮನೆಗೆ ಹೋಗುವವರು. ತಮ್ಮ ಮಟ್ಟಿಗೆ ಅವರು ಎಚ್ಚರಿಕೆಯಿಂದಲೇ ಇರುತ್ತಾರೆ. ಅವರಿಗೆ ಬೇಕಾದದ್ದು ಹೆದರಿಕೆಯಲ್ಲ, ಎರಡನೆಯ ರೈಲಿನ ಬಗ್ಗೆ ತಿಳಿವಳಿಕೆ. ಇದನ್ನು ಮುಂಬೈನಲ್ಲಿ ಕೆಲವರು ಸರಿಯಾಗಿ ಗುರುತಿಸಿದ್ದರು. 2010ರ ಸುಮಾರಿಗೆ ವಡಾಲಾ ನಿಲ್ದಾಣದ ಬಳಿ ಒಂದು ಪ್ರಯೋಗ ನಡೆಯಿತು. ದೊಡ್ಡ ವಸ್ತುವೊಂದು ವೇಗವಾಗಿ ಬರುತ್ತಿದ್ದರೂ ನಮ್ಮ ಕಣ್ಣಿಗೆ ಅದು ನಿಧಾನವಾಗಿ ಬರುವಂತೆ ತೋರುತ್ತದೆ ಎಂಬ ವಾದವನ್ನು ಅಮೆರಿಕದ ಮನೋವಿಜ್ಞಾನಿ ಹರ್ಷೆಲ್ ಲೈಬೊವಿಟ್ಸ್ 1985ರಲ್ಲಿ ಮಂಡಿಸಿದ್ದರು. ಆದ್ದರಿಂದ ವಡಾಲಾದಲ್ಲಿ ಸ್ಲೀಪರುಗಳಿಗೆ ಅಲ್ಲಲ್ಲಿ ಹಳದಿ ಬಣ್ಣ ಬಳಿದರು. ಅವು ಸರಸರನೆ ರೈಲಿನಡಿ ಮರೆಯಾಗುವುದನ್ನು ಕಂಡು ವೇಗ ತಿಳಿಯಲಿ ಎಂದು. ಒಂದೇ ಉದ್ದನೆಯ ಸೀಟಿಯ ಬದಲು ನಡುವೆ ಬಿಡುವಿರುವ ಎರಡು ಚಿಕ್ಕ ಸೀಟಿ ಹಾಕಿಸಿದರು. ಮೂರನೆಯದಾಗಿ, ರೈಲಿಗೆ ಸಿಕ್ಕುತ್ತಿರುವ ಮನುಷ್ಯನೊಬ್ಬನ ಮುಖದ ಮೂರು ಭಾವಚಿತ್ರಗಳನ್ನು ಜನ ದಾಟುವ ಜಾಗದಲ್ಲೇ ನಿಲ್ಲಿಸಿದರು. ಆ ಮೂರನೆಯದನ್ನು ಕ್ರಿಶ್ ಮೆಚ್ಚುತ್ತಿದ್ದರೇನೋ. ನನಗೆ ಮೊದಲನೆಯದು ಹೆಚ್ಚು ಉಪಯುಕ್ತವಾಗಿ ಕಾಣುತ್ತದೆ.

ಹಾಗೆಂದು ಕ್ರಿಶ್ ಅವರ ಚಿತ್ರವನ್ನು ನಾನು ಬದಿಗಿಡಲಾರೆ. ಅದರಲ್ಲಿ ಚಪ್ಪಾಳೆ ತಟ್ಟುವ ಪೋಷಕರು, ತೀರ್ಪುಗಾರರು, ಧ್ವನಿವರ್ಧಕದ ಆ ಸಭ್ಯ ಮನುಷ್ಯ ಯಾರು? ಪಾದಚಾರಿ ಸೇತುವೆಗಾಗಿ ನಾನು ಹನ್ನೊಂದು ವರ್ಷಗಳಲ್ಲಿ ಒಂಬತ್ತು ಅರ್ಜಿ ಬರೆದೆ. ಒಂದು ಕಚೇರಿಯಿಂದ ಇನ್ನೊಂದಕ್ಕೆ ಅವು ಹೋದವು. ವೆಚ್ಚವನ್ನು ಯಾರು ಭರಿಸಬೇಕೆಂಬುದು ತೀರ್ಮಾನವಾಗಲಿಲ್ಲ. ಹತ್ತನೆಯದನ್ನು ನಾನು ಬರೆಯಲಿಲ್ಲ. ಪ್ರತಿ ಜೂನ್‌ನಲ್ಲಿ ಸಿಮೆಂಟು ತರಿಸಿ, ಪ್ರತಿ ಪ್ರಾರ್ಥನೆಯಲ್ಲಿ ಎಚ್ಚರಿಕೆ ಹೇಳಿ, ನನ್ನ ಕರ್ತವ್ಯ ಮುಗಿಯಿತೆಂದುಕೊಂಡೆ. ಈ ಚಿತ್ರವನ್ನು ಮಕ್ಕಳಿಗೆ ತೋರಿಸಬೇಕೆಂದು ನಾನು ಇಂದು ಹಟ ಹಿಡಿಯುವುದಿಲ್ಲ. ಕಡತಗಳಿಗೆ ಸಹಿ ಹಾಕುವವರಿಗೆ, ಸಭೆಯ ಆರಂಭದಲ್ಲಿ ಚಹಾಕ್ಕೆ ಮುಂಚೆ, ಒಮ್ಮೆ ತೋರಿಸಬಹುದು.

ಆ ದಿನದ ಸಭೆಯ ನಂತರ ನಾವು ಬೇರೊಂದು ಕೆಲಸ ಮಾಡಿದೆವು. ಗಣಿತದ ಮೇಷ್ಟ್ರು ಎಂಟನೆಯ ತರಗತಿಯ ಮಕ್ಕಳನ್ನು ಗೋಡೆಯ ಈಚೆಗೆ, ಮೈದಾನದ ಮೆಟ್ಟಿಲ ಮೇಲೆ ನಿಲ್ಲಿಸಿದರು. ಅಲ್ಲಿಂದ ದೂರದ ಸಿಗ್ನಲ್ ಕಂಬ ಕಾಣುತ್ತದೆ. ಕಂಬದಿಂದ ಕಿಂಡಿಯವರೆಗೆ ಮುನ್ನೂರು ಮೀಟರ್ ಎಂದು ಅಳತೆ ಸಿಕ್ಕಿತ್ತು. ಕಂಬದ ಬಳಿ ಎಂಜಿನ್ ಕಂಡಾಗಿನಿಂದ ಕಿಂಡಿಯ ಮುಂದೆ ಅದು ಹಾಯುವವರೆಗೆ ಎಷ್ಟು ಸೆಕೆಂಡು ಹಿಡಿಯುತ್ತದೆಂದು ಊಹಿಸಿ ಬರೆಯಲು ಹೇಳಿದರು. ಮಕ್ಕಳು ಮೂವತ್ತು, ನಲವತ್ತು ಎಂದು ಬರೆದರು. ಒಬ್ಬ ಎರಡು ನಿಮಿಷ ಎಂದ. ನಾನೂ ಮನಸ್ಸಿನಲ್ಲೇ ಇಪ್ಪತ್ತೈದು ಎಂದುಕೊಂಡಿದ್ದೆ. ಮಧ್ಯಾಹ್ನದ ಎಕ್ಸ್‌ಪ್ರೆಸ್ ಬಂತು. ಗಡಿಯಾರ ಹಿಡಿದಿದ್ದವಳು ಆ ತಮ್ಮನ ಮಗಳು. ಹನ್ನೆರಡು, ಎಂದಳು. ಯಾರೂ ನಂಬಲಿಲ್ಲ. ಇನ್ನೊಂದು ರೈಲಿಗೆ ಕಾಯೋಣ ಸಾರ್ ಎಂದು ಮಕ್ಕಳು ಅಲ್ಲಿಯೇ ಕುಳಿತರು.